ಹತ್ತನೇ ಬೀಜ

"ಕೈ ತೆಗಿ ಅಪ್ಪಾ! ತೆಗಿ ಅಂದ್ನಲ್ಲಾ!"

ಪಂಕ್ಚರ್ ಅಂಗಡಿಯ ಕೆಲಸಕ್ಕೆ ಹೊರಟಿದ್ದ ಮಗ ಒಂದೇ ಕಾಲಿಗೆ ಚಪ್ಪಲಿ ಮೆಟ್ಟಿಕೊಂಡು ಹಿತ್ತಿಲಿಗೆ ಓಡಿದ. ಅಷ್ಟರಲ್ಲಿ ಕೆಲಸ ಕೆಟ್ಟಿತ್ತು. ಅಪ್ಪ ಮಂಡಿಯೂರಿ ಕೂತು, ಗಡಿಯಾರ ರಿಪೇರಿಯ ಚಿಮಟದಲ್ಲಿ ಸೂರ್ಯಕಾಂತಿ ಬೀಜವೊಂದನ್ನು ಮಣ್ಣಿಂದೆತ್ತಿ ಬಿಸಿಲಿಗೆ ಹಿಡಿದಿದ್ದ. ಆಗಷ್ಟೇ ಇಣುಕಿದ್ದ ಬಿಳಿ ಬೇರು ಮುರಿದು ನೇತಾಡುತ್ತಿತ್ತು.

"ನಡೀತಿತ್ತು ಕಣೋ," ಎಂದ ಅಪ್ಪ ಅಳುಕುತ್ತಾ. "ಒಳಗೆ ನಡೀತಿದ್ಯೋ ನಿಂತಿದ್ಯೋ ಅಂತ ನೋಡ್ದೆ ಅಷ್ಟೆ."

"ನಡೀತಿದ್ದದ್ದನ್ನ ನಿಲ್ಸಿದ್ಯಲ್ಲ ಪುಣ್ಯಾತ್ಮ! ಇದೇನು ನಿನ್ನ ವಾಚಾ, ಬಿಚ್ಚಿ ನೋಡಿ ಮುಚ್ಚೋಕೆ?"

ನಲವತ್ತು ವರ್ಷ ಗಡಿಯಾರ ರಿಪೇರಿ ಮಾಡಿದವನಿಗೆ ಮುಚ್ಚಿದ್ದನ್ನು ಬಿಚ್ಚದೆ ಇರಲು ಬರುತ್ತಿರಲಿಲ್ಲ. ಹೋದ ವರ್ಷ ಅಮ್ಮ ಬೆಳೆಸಿದ ಹೂವಿನಲ್ಲಿ ಗಿಳಿ ತಿಂದು ಉಳಿದದ್ದೇ ಹತ್ತು ಬೀಜ. ಈ ಸಲ ಅವಳು ಸೊಂಟ ಮುರಿದುಕೊಂಡು ಮಂಚ ಹಿಡಿದಿದ್ದಳು. ಅವಳ ಕಿಟಕಿಯ ನೇರಕ್ಕೇ ಮಗ ಹತ್ತನ್ನೂ ಊರಿದ್ದ. ಇಂದಿಗೆ ಒಂಬತ್ತು ಅಪ್ಪನ ಚಿಮಟಕ್ಕೆ ಬಲಿ.

"ಮತ್ತೆ ಕಿತ್ರಾ?" ಕಿಟಕಿಯೊಳಗಿಂದ ಅಮ್ಮನ ದನಿ. "ಹೂವು ಹಾಳಾಗ್ಲಿ, ಒಂದು ಎಲೆನಾದ್ರೂ ಇಲ್ಲಿವರೆಗೆ ಬರೋಕೆ ಬಿಡಿ. ಫ್ಯಾನಿಗಿರೋದು ಮೂರೇ ರೆಕ್ಕೆ, ಎಷ್ಟು ಸಲ ಅಂತ ಎಣಿಸ್ಲಿ?"

ಮಗ ಚಿಮಟ ಕಿತ್ತುಕೊಂಡು ಜೇಬಿಗಿಳಿಸಿದ. ಹಳೇ ಟೈರೊಂದನ್ನು ಉರುಳಿಸಿ ತಂದು ಹತ್ತನೇ ಬೀಜದ ಸುತ್ತ ಕೆಡವಿದ. "ಇದರೊಳಗೆ ಕೈ ಹಾಕಿದ್ಯೋ, ನಿನಗೂ ನನಗೂ ಮಾತಿಲ್ಲ."

ನಾಲ್ಕನೇ ದಿನ ಬೆಳಿಗ್ಗೆ ಎದ್ದು ನೋಡಿದರೆ ಅಪ್ಪನ ಹಾಸಿಗೆ ಖಾಲಿ. ಮಗನಿಗೆ ಮೈಯೆಲ್ಲ ಉರಿದುಹೋಯಿತು. ಈ ಮನೆಯಲ್ಲಿ ಹುಲ್ಲುಕಡ್ಡಿಯೂ ನೆಮ್ಮದಿಯಾಗಿ ಹುಟ್ಟುವಂತಿಲ್ಲ ಎಂದು ಗೊಣಗುತ್ತಾ ಹಿತ್ತಿಲಿಗೆ ಬಂದ.

ಅಪ್ಪ ಟೈರಿನ ಮೇಲೆ ಎದೆಯಿಟ್ಟು ಬೋರಲಾಗಿ ಮಲಗಿದ್ದ. ಕಣ್ಣಿಗೆ ವಾಚು ನೋಡುವ ಮಸೂರ. ಎರಡೂ ಕೈಗಳನ್ನು ಬೆನ್ನ ಹಿಂದೆ ತೆಗೆದುಕೊಂಡು, ಒಂದರಿಂದ ಇನ್ನೊಂದನ್ನು ಬಿಗಿಯಾಗಿ ಹಿಡಿದಿದ್ದ.

"ಮುಟ್ಟಿಲ್ಲ ಕಣೋ," ತಲೆಯೆತ್ತದೆ ಪಿಸುಗುಟ್ಟಿದ. "ಮಣ್ಣು ಬಿರಿದಿದೆ."

"ಆ ಕಡೆ ಸರಿ," ಎಂದು ಮಗ ಪಕ್ಕದಲ್ಲೇ ಬೋರಲಾಗಿ, ಮಸೂರ ಕಿತ್ತುಕೊಂಡು ತನ್ನ ಕಣ್ಣಿಗೆ ಸಿಕ್ಕಿಸಿಕೊಂಡ.

"ಏನ್ರೀ ಅದು, ಇಬ್ರೂ ಯಾಕೆ ಸುಮ್ಮನಾದ್ರಿ?" ಅಮ್ಮ ಕೂಗಿದಳು.

ಉತ್ತರ ಹೇಳಿದರೆ ಮೊಳಕೆಗೆ ಉಸಿರು ತಾಗೀತು. ಮಗನ ಕೈಗಳೂ ತಾವಾಗಿಯೇ ಬೆನ್ನ ಹಿಂದೆ ಹೋಗಿದ್ದವು.