ಹೀರಿಕೊಂಡಾಯ್ತು

ರಕ್ತ ಹೀರುವ ಪಿಶಾಚಿಯ ಸಿನಿಮಾ ಎಂದರೆ ಜನ ಕಿರುಚಬೇಕು, ಇಲ್ಲವೇ ನಗಬೇಕು. ಹದಿನಾಲ್ಕು ಚಿತ್ರಗಳಿಗೆ ಮಾತು ಬರೆದ ನನಗೆ ಅಷ್ಟಾದರೂ ಗೊತ್ತು. ಮಿಲಿಟರಿ ಆಳ್ವಿಕೆಯ ಕಾಲ, ಎಪ್ಪತ್ತೇಳರ ಆ ಭಾನುವಾರ, ಬ್ಯೂನಸ್ ಐರಿಸ್‌ನ ನಮ್ಮ ಬಡಾವಣೆಯ ಟಾಕೀಸಿನಲ್ಲಿ, ಮಧ್ಯಾಹ್ನದ ಆಟಕ್ಕೆ ಬಂದವರು ಮೊದಲರ್ಧ ಚೆನ್ನಾಗಿಯೇ ನಕ್ಕರು. ರಟ್ಟಿನ ಬಾವಲಿಗೆ ಇನ್ನೇನು ಮಾಡುತ್ತಾರೆ?

ಆಮೇಲೆ ಪಿಶಾಚಿಯ ಆಳು ತೆರೆಯ ಮೇಲೆ ಬಂದು, "ಆ ಹುಡುಗನಾ? ಅವನನ್ನ ಹೀರ್ಕೊಂಡಾಯ್ತು" ಅಂದ. ಟಾಕೀಸು ತಣ್ಣಗಾಯಿತು. ಕಡಲೆಕಾಯಿ ಒಡೆಯುವ ಸದ್ದೂ ನಿಂತಿತು. ಮೂರು ನಾಲ್ಕು ಜನ ಎದ್ದು, ತಲೆ ತಗ್ಗಿಸಿ ಹೊರಗೆ ಹೋದರು. ನನಗೆ ತಲೆಬುಡ ತಿಳಿಯಲಿಲ್ಲ. ಇಡೀ ಚಿತ್ರದಲ್ಲಿ ನನಗೆ ಹೆಮ್ಮೆಯಿದ್ದದ್ದು ಅದೊಂದೇ ಮಾತಿನ ಮೇಲೆ.

ಆಟ ಮುಗಿದು ಹೊರಗೆ ಬಂದಾಗ ಹಿಂದಿನ ಬೀದಿಯಲ್ಲಿ ಬಟ್ಟೆ ಹೊಲಿಯುವ ಎಲ್ಸೀರಾ ನನ್ನ ತೋಳು ಹಿಡಿದಳು.

"ನೀವೇ ಅಲ್ವಾ ಬರೆದಿದ್ದು, ದೋನ್ ರುಫೀನೊ?"

"ನಾನೇ. ಬೈಯೋದಿದ್ರೆ ಡೈರೆಕ್ಟರನ್ನ ಬೈರಿ, ಬಾವಲಿ ಅವನದು."

ಅವಳು ನಗಲಿಲ್ಲ. "ಮೇ ತಿಂಗಳಲ್ಲಿ ನನ್ನ ಮಗ ನೆಸ್ತೋರನ್ನ ಮಿಲಿಟರಿಯವರು ಮನೆಯಿಂದ ಎಳ್ಕೊಂಡು ಹೋದ್ರು. ಠಾಣೇಲಿ ಕೇಳಿದ್ರೆ ಆ ಹೆಸರಿನವನೇ ಇಲ್ಲ ಅಂತಾರೆ. ಅವರು ಹಿಡಿದಿಟ್ಟು ಆಮೇಲೆ ಬಿಟ್ಟ ಹುಡುಗಿ ಒಬ್ಳು ಹೇಳಿದ್ಲು, ಹಿಡ್ಕೊಂಡು ಹೋದವರನ್ನ ಅವರು 'ಹೀರ್ಕೊಂಡ್ವಿ' ಅಂತಾರಂತೆ. ಅದು ಅವರವರೇ ಆಡ್ಕೊಳೋ ಮಾತು. ನಿಮಗೆ ಯಾರು ಹೇಳಿದ್ರು?"

ಯಾರು ಹೇಳಿದರು? ನನ್ನದೇ ಮಾತು ಅಂದುಕೊಂಡಿದ್ದೆನಲ್ಲ. ಪಿಶಾಚಿ ಹೀರುತ್ತದೆ, ಅದರಲ್ಲೇನಿದೆ? ಆಮೇಲೆ ಹೊಳೆಯಿತು. ಸಾರ್ಜೆಂಟ್ ಓವಿದಿಯೊ. ಇಗರ್ಜಿಯಲ್ಲಿ ನನ್ನ ಮಗಳ ತಲೆಗೆ ನೀರು ಹಾಕಿಸುವಾಗ ಅವಳನ್ನು ಎತ್ತಿ ಹಿಡಿದವನು, ಒಡಹುಟ್ಟಿದವನಿಗಿಂತ ಹೆಚ್ಚು. ನಮ್ಮ ಹಿತ್ತಿಲಲ್ಲಿ ಕೆಂಡದ ಮೇಲೆ ಮಾಂಸ ಮಗುಚುತ್ತಾ, ಯಾರೋ ಮೇಷ್ಟ್ರ ಬಗ್ಗೆ 'ಹೀರ್ಕೊಂಡಾಯ್ತು' ಅಂದು ನಕ್ಕಿದ್ದ. ಏನೆಂದು ತಿಳಿಯದೆ ನಾನೂ ನಕ್ಕಿದ್ದೆ. ಮಾತು ಚೆನ್ನಾಗಿದೆ ಎಂದು ಬರೆದುಕೊಂಡಿದ್ದೆ. ಈಗ ನನ್ನ ಮೇಲೆ ನನಗೇ ಹೇಸಿಗೆಯಾಯಿತು. ಅದಕ್ಕಿಂತ ಹೆಚ್ಚಾಗಿ ಹೆದರಿಕೆಯಾಯಿತು.

"ನಾನೇ ಹುಟ್ಟಿಸಿದ್ದು, ಸೆನ್ಯೋರಾ," ಅಂದೆ. "ಸುಮ್ನೆ ಸಿನಿಮಾಕ್ಕೆ."

ಅವಳು ನನ್ನ ತೋಳು ಬಿಟ್ಟಳು. ನಾಲ್ಕು ಹೆಜ್ಜೆ ಹೋಗಿ ತಿರುಗಿ ಬಂದಳು.

"ಹೀರ್ಕೊಂಡವರಿಗೆ ಊಟ ಹಾಕ್ತಾರಾ?"

ಆ ಮುಖಕ್ಕೆ ಇನ್ನೇನು ಹೇಳಲಿ? "ಹಾಕ್ತಾರೆ," ಅಂದುಬಿಟ್ಟೆ.

ಎಲ್ಸೀರಾ ಕಣ್ಣೊರೆಸಿಕೊಂಡು ನನ್ನನ್ನೇ ನೋಡಿದಳು.

"ಹಾಗಾದ್ರೆ ನಿಮಗೆ ಗೊತ್ತು," ಅಂದಳು.