ಲೇಬಲ್ ಇಲ್ಲದ ಅಂಗಡಿ

ನನ್ನ ಗಂಡ ಲ್ಯಾಸಲ್ಸ್‌ನನ್ನು ಮಣ್ಣು ಮಾಡಿದ ಮರುದಿನ ಬೆಳಗ್ಗೆ ಹಾಲಿನವನು ಎಂದಿನಂತೆ ಇಬ್ಬರಿಗೆ ಸಾಲುವಷ್ಟು ಹಾಲು ಇಟ್ಟುಹೋದ. ನಾನು ಚಹಾ ಕುಡಿದು, ಕೆಳಗಿಳಿದು ಅಂಗಡಿಯ ಬಾಗಿಲು ತೆಗೆದೆ.

ಲಂಡನ್ನಿನ ಹಾರ್ಲ್ಸ್‌ಡನ್ ಬಡಾವಣೆಯ ಈ ರೆಕಾರ್ಡ್ ಅಂಗಡಿ ಅವನ ಹಟ. ನಮ್ಮೂರು ಕಿಂಗ್‌ಸ್ಟನ್ನಿನಲ್ಲಿ ಟ್ರೊಂಬೋನ್ ನುಡಿಸುತ್ತಿದ್ದವನು ಇಲ್ಲಿ ಬಸ್ಸು ತೊಳೆದ ದುಡ್ಡಿನಲ್ಲಿ ಸರಕು ಕೂಡಿಸಿದ್ದ. ಶನಿವಾರದೊಳಗೆ ವ್ಯಾಪಾರ ಶುರುವಾಗದಿದ್ದರೆ ಕೀಲಿಯನ್ನು ಕಟ್ಟಡದ ಮಾಲೀಕನಿಗೆ ಒಪ್ಪಿಸಬೇಕಿತ್ತು. ಅಂದೇ ಶನಿವಾರ.

ಪೆಟ್ಟಿಗೆ ಬಿಚ್ಚಿದೆ. ಒಂದು ರೆಕಾರ್ಡಿಗೂ ಲೇಬಲ್ ಇರಲಿಲ್ಲ.

ಪಕ್ಕದ ಮನೆಯ ಮಿಸ್ ಐವೊರಿನ್ ಬಗ್ಗಿ ನೋಡಿದರು. "ಡ್ಯಾನ್ಸಿಗೆ ಹಾಡು ಹಾಕೋರೆಲ್ಲ ಹಿಂಗೇ ಕಣೆ ಅಡಿನಾ. ಎದುರು ಪಾರ್ಟಿಗೆ ಹಾಡಿನ ಹೆಸರು ಗೊತ್ತಾಗಬಾರ್ದು ಅಂತ ಲೇಬಲ್ ಕೆರೆದುಬಿಡ್ತಾರೆ. ನಿನ್ನ ಗಂಡ, ಈ ಮಂಗ, ಮಾರೋಕಿಟ್ಟಿದ್ದನ್ನೂ ಕೆರೆದಿದಾನೆ."

"ಈಗ ಹೆಸರು ಯಾರಿಗೆ ಗೊತ್ತು?"

"ಅವನಿಗೆ."

ಬೇರೆ ದಾರಿ ಕಾಣದೆ ಒಂದನ್ನು ಜೋರಾಗಿ ಹಾಕಿದೆ. ಮಾಂಸದಂಗಡಿಯ ಕ್ಲೋವಿಸ್ ರಕ್ತದ ಏಪ್ರನ್‌ನಲ್ಲೇ ಓಡಿಬಂದ.

"ಇದು ನಮ್ಮಮ್ಮನ ಮದುವೆ ಹಾಡು."

"ನಿಮ್ಮಮ್ಮನ ಮದುವೇಲಿ ನೀನಿದ್ಯೇನೋ?" ಮಿಸ್ ಐವೊರಿನ್ ಕೇಳಿದರು.

"ಇದ್ದೆ. ಮುಂದಿನ ಸಾಲಲ್ಲೇ ಕೂತಿದ್ದೆ."

ಚೀಟಿಯ ಮೇಲೆ 'ಕ್ಲೋವಿಸನ ಅಮ್ಮನ ಮದುವೆ' ಎಂದು ಬರೆದು ಅಂಟಿಸಿದೆ. ಅವನೇ ಕೊಂಡ. ಮುಂದಿನದು 'ಮಿಸ್ ಐವೊರಿನ್ ಬಸ್ ಬಿಟ್ಟು ಕುಣಿದದ್ದು'. ಅದನ್ನು ಕೊಳ್ಳಲು ಜಗಳವೇ ಆಯಿತು. ಮಧ್ಯಾಹ್ನದ ಹೊತ್ತಿಗೆ ಬೀದಿಯೇ ಒಳಗಿತ್ತು. ಕೀಲಿ ಕೇಳಲು ಬಂದ ಮಾಲೀಕ ಕಾಲಿಡಲು ಜಾಗವಿಲ್ಲದೆ ಹೊಸ್ತಿಲಲ್ಲೇ ತಾಳ ಹಾಕುತ್ತ ನಿಂತಿದ್ದು, ಬರಿಗೈಯಲ್ಲಿ ಹೋದ.

ಆಗ ಕತ್‌ಬರ್ಟ್ ಬಂದ. ಡ್ಯಾನ್ಸುಗಳಲ್ಲಿ ಹಾಡು ಹಾಕುವುದರಲ್ಲಿ ಲ್ಯಾಸಲ್ಸ್‌ನ ಹಳೆಯ ಎದುರಾಳಿ. ಕೈಕಟ್ಟಿ ನಿಂತು ಕೇಳಿದ. ಒಂದು ಹಾಡು ನಡುವೆ ಟಕ್ ಟಕ್ ಎಂದು ಎಗರಿತು.

"ನಿಲ್ಲಿಸಮ್ಮ. ಆ ಟಕ್ ಟಕ್ ಅನ್ನೋ ಕಡೆ ಬಿದ್ದದ್ದು ನನ್ನ ರಮ್ ಬಾಟಲಿ. ಈ ರೆಕಾರ್ಡು ನಂದು, ಲ್ಯಾಸಲ್ಸ್ ಒಂದು ರಾತ್ರಿಗೆ ಅಂತ ಇಸ್ಕೊಂಡು ಹೋಗಿದ್ದ. ವಾಪಸ್ ಕೇಳಿದಾಗೆಲ್ಲ, ಯಾವ ಹಾಡು, ಹೆಸರು ಹೇಳು ಅಂತಿದ್ದ."

"ಹೆಸರೇನು?"

ಅವನು ನೆಲ ನೋಡಿದ. "ನಾನೇ ಕೆರೆದಿದ್ದೆ. ಮರ್ತೋಗಿದೆ."

ನಗು ನನ್ನ ಹೊಟ್ಟೆಯಿಂದ ಎದ್ದು ಬಂತು. ನಿಲ್ಲಲಾಗದೆ ಪೆಟ್ಟಿಗೆಯ ಮೇಲೆ ಕುಳಿತೆ. ಕ್ಲೋವಿಸ್ ಆ ರೆಕಾರ್ಡನ್ನು ತನಗೇ ಕೊಡೆಂದ. ಇನ್ನಿಬ್ಬರು ಕೇಳಿದರು.

"ಇದು ಮಾರೋದಲ್ಲ," ಎಂದೆ.

ಇನ್ನೊಮ್ಮೆ ಹಾಕಿದೆ. ಟಕ್ ಟಕ್ ಬಂದಲ್ಲಿ ಎಲ್ಲರೂ ಕಾಲು ಕುಟ್ಟಿದರು. ಹಾಡು ಮುಗಿದ ಮೇಲೆ 'ಲ್ಯಾಸಲ್ಸ್ ಒಂದು ರಾತ್ರಿಗೆ ತಂದದ್ದು' ಎಂಬ ಚೀಟಿ ಅಂಟಿಸಿ, ಕತ್‌ಬರ್ಟ್‌ನ ಕೈಗಿಟ್ಟೆ.