ಒಗ್ಗರಣೆಯಲ್ಲಿ ಬಿದ್ದ ಏಟು

ಬ್ಯಾಡಗಿ ಮೆಣಸಿನಕಾಯಿ ಮಾತು ಹಿಡಿಯುತ್ತದೆಂದು ನಮ್ಮ ಕಡೆ ಯಾರಿಗೂ ಹೇಳಿಕೊಡಬೇಕಾಗಿಲ್ಲ. ಬಿಸಿಲಿಗೆ ಬಾಡಿ ಮೈತುಂಬ ಸುಕ್ಕು ಬೀಳುವ ಹೊತ್ತಿನಲ್ಲಿ ಹತ್ತಿರ ಆದ ಸದ್ದೆಲ್ಲ ಆ ಸುಕ್ಕಿನೊಳಗೆ ಸೇರಿಕೊಳ್ಳುತ್ತದೆ. ಮುಂದೆ ಕಾದ ಎಣ್ಣೆಗೆ ಬಿದ್ದಾಗ ಕಾಯಿ ಮೊದಲು ಚುಂಯ್ ಎಂದು ತನ್ನ ಮಾತು ಆಡುತ್ತದೆ, ಆಮೇಲೆ ನಮ್ಮದು. ಒಮ್ಮೆ ಆಡಿದ್ದನ್ನು ಮತ್ತೆ ಆಡುವುದಿಲ್ಲ. ಪೇಟೆಯ ದಲಾಲರು ಕಾಯಿ ಒಣಗುವಾಗಲೇ ರೈತನಿಂದ ಹೆಸರು, ಊರು ಹೇಳಿಸಿ ಮಾಲು ಗುರುತಿಡುತ್ತಾರೆ. ಹಾವೇರಿ ಬಸ್‌ಸ್ಟ್ಯಾಂಡಿನ ಖಾನಾವಳಿಯಲ್ಲಂತೂ “ಗುತ್ತಲ ಬಸ್ ಹೊಂಟ್ತ್ರಿ, ಲಗೂ ಉಣ್ರಿ!” ಎಂದು ಬಾಣಲೆಯೇ ಗಿರಾಕಿಗಳನ್ನು ಎಬ್ಬಿಸುತ್ತದೆ.

ಎಲ್ಲಕ್ಕಿಂತ ದೊಡ್ಡದು ತವರಿನ ಗಂಟು. ಗಂಡನ ಮನೆಗೆ ಹೋದ ಮಗಳಿಗೆ ತಾಯಿ ಪ್ರತಿ ಸುಗ್ಗಿಗೂ ತನ್ನ ಮಾತು ಕುಡಿಸಿದ ಕಾಯಿ ಕಳಿಸಬೇಕು. ವರ್ಷವಿಡೀ ಮಗಳ ಒಲೆಯ ಮುಂದೆ ತಾಯಿ ಮಾತಾಡುತ್ತಿರಬೇಕು.

ಎಂಬತ್ತೆಂಟರ ಸುಗ್ಗಿಯಲ್ಲಿ ನಮ್ಮ ಓಣಿಯ ಮುತ್ತವ್ವನಿಗೆ ಮಾತೇ ಇರಲಿಲ್ಲ. ಹುಬ್ಬಳ್ಳಿಯಲ್ಲಿ ಗಂಟಲಿನ ಗಡ್ಡೆ ತೆಗೆದರು. ಜೀವ ಉಳಿಯಿತು, ದನಿ ಉಳಿಯಲಿಲ್ಲ. ರಾಣೆಬೆನ್ನೂರಿನಲ್ಲಿದ್ದ ಮಗಳು ಪ್ರೇಮವ್ವನಿಗೆ ಇದು ಗೊತ್ತಿರಲಿಲ್ಲ. ಹಿಂದಿನ ವರ್ಷ ಅವಳ ಬಸಿರು ನಿಂತಿರಲಿಲ್ಲ, ಈಗ ಮತ್ತೆ ಐದು ತಿಂಗಳು. ಸುದ್ದಿ ಕೇಳಿ ಹುಡುಗಿಗೆ ಏನಾದರೂ ಆದರೆ ಎಂದು ಮುತ್ತವ್ವ ಓಣಿಯಲ್ಲಿ ಯಾರಿಗೂ ಬಾಯಿ ಬಿಡಗೊಟ್ಟಿರಲಿಲ್ಲ. ಆದರೆ ಗಂಟು ಹೋಗಲೇಬೇಕು, ಹೋದದ್ದು ಮಾತಾಡಲೇಬೇಕು.

ಒಂದು ಮಧ್ಯಾಹ್ನ ಆಕೆ ನಮ್ಮ ಕಟ್ಟೆಗೆ ಬಂದು ತನ್ನ ಗಂಟಲು ಮುಟ್ಟಿಕೊಂಡಳು, ನನ್ನ ಬಾಯಿಯತ್ತ ಬೆರಳು ಮಾಡಿದಳು, ಆಮೇಲೆ ರಾಣೆಬೆನ್ನೂರಿನ ದಿಕ್ಕಿಗೆ ಕೈ ಚಾಚಿದಳು.

ನಾನು ಹಾವೇರಿಯಲ್ಲಿ ಕಾಲೇಜು ಮುಗಿಸಿ, ನೌಕರಿ ಸಿಗುವವರೆಗೆ ಓಣಿಯವರೆಲ್ಲರ ದನಿ ತೆಗೆದು ನಗಿಸಿಕೊಂಡಿದ್ದವನು. “ಬಿ.ಎ. ಕಲ್ತು ಬ್ಯಾ ಅಂತ ಆಡಿನ್ಹಂಗ ಒದರ್ತಾನ” ಎಂದು ನನ್ನ ತಾಯಿ ಇಂದಿರಾಬಾಯಿ ಬಂದವರಿಗೆಲ್ಲ ಹೇಳುತ್ತಿದ್ದಳು. ಆ ದಿನ ಮಾತ್ರ ಬೇರೆ ಹೇಳಿದಳು: “ಹೋಗೋ ಪ್ರಭ್ಯಾ. ಇಷ್ಟು ದಿನ ಆಕಿ ದನಿ ಕದ್ದು ನಗಿಸಿದಿ. ಈಗ ಆಕಿಗೇ ತಿರುಗಿ ಕೊಟ್ಟು ಬಾ.”

ಅಂಗಳದ ಚಾಪೆಯ ಮೇಲೆ ಕೆಂಪಗೆ ಹರವಿದ್ದ ಕಾಯಿಯ ಮುಂದೆ ಕೂತೆ. ಮುತ್ತವ್ವ ನನ್ನ ಬೆನ್ನಿಗೇ ಕೂತಳು.

“ಏ ಪ್ರೇಮಾ, ಉಂಡ್ಯೇನವ್ವಾ? ಹಸಗೊಂಡು ಇರಬ್ಯಾಡ. ಭಾಳ ಬಗ್ಗಬ್ಯಾಡ, ಕೊಡ ಎತ್ತಬ್ಯಾಡ...”

ತನ್ನ ದನಿಯನ್ನು ತಾನೇ ಕೇಳಿ ಮುತ್ತವ್ವ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಆಮೇಲೆ ಚೇತರಿಸಿಕೊಂಡು ಕೈಸನ್ನೆಯಲ್ಲೇ ಹೇಳಿಸತೊಡಗಿದಳು: ಹೊಟ್ಟೆ ತೋರಿಸಿದರೆ ಬಸಿರಿನ ಮಾತು, ಮುಖ ಕಿವುಚಿದರೆ ಹುಳಿ ತಿನ್ನುವ ಮಾತು. ಎಲ್ಲ ಸರಿಯಾಗಿಯೇ ನಡೆದಿತ್ತು. ನನ್ನ ನಾಲಗೆ ಸುಮ್ಮನಿರಬೇಕಲ್ಲ!

“ಅಳಿಯ ಉಳಿ ಆಗಿ ಕೊರಿಯಾಕತ್ರ ನನಗ ಹೇಳವಾ...”

ಫಟ್! ಬಳೆಯ ಸಮೇತ ಬೆನ್ನಿಗೊಂದು ಬಿತ್ತು. ಮತ್ತೆ ನೆಟ್ಟಗಾದೆ.

ಗಂಟು ಕಂಡಕ್ಟರ್ ಫಕ್ಕೀರಸಾಬನ ಕೈಯಲ್ಲಿ ರಾಣೆಬೆನ್ನೂರು ಸೇರಿತು. ವಾರ ಕಳೆದಿರಲಿಲ್ಲ, ನಾನು ಮುತ್ತವ್ವನ ಅಂಗಳದಲ್ಲಿ ಕೂತಿದ್ದಾಗ ಪ್ರೇಮವ್ವನೇ ಬಂದು ನಿಂತಳು. ಗಂಡ ಚೀಲ ಹಿಡಿದು ಇನ್ನೂ ಓಣಿಯ ತುದಿಯಲ್ಲಿದ್ದ.

“ಅವ್ವಾ, ದನಿ ಹೋಗಿ ಎಷ್ಟು ದಿನ ಆತು?”

ಮುತ್ತವ್ವ ನನ್ನನ್ನು ಸುಡುವಂತೆ ನೋಡಿದಳು. “ನಾ ಏನೂ ಹೇಳಿಲ್ಲ!” ಎಂದೆ. ಗಾಬರಿಗೆ ಅದೂ ಮುತ್ತವ್ವನ ದನಿಯಲ್ಲೇ ಬಂತು. ಪ್ರೇಮವ್ವ ಮೊದಲು ನಕ್ಕಳು, ನಗುತ್ತಲೇ ಅತ್ತಳು.

“ಪ್ರಭಣ್ಣಾ, ಮೊದಲ ನಾ ನಂಬಿದ್ದೆ. ನಮ್ಮತ್ತಿ ಸುದ್ದಾ ‘ನಿಮ್ಮವ್ವ ಒಲಿ ಮುಂದ ಕುಂತಂಗ ಆತು’ ಅಂದ್ರು. ನಿನ್ನೆ ಸಾರಿಗೆ ಒಗ್ಗರಣಿ ಹಾಕಿದೆ, ಫಟ್ ಅಂತ ಏಟು ಬಿತ್ತು. ಬಳಿ ಸಪ್ಪಳ ಅವ್ವಂದ. ಆದ್ರ ಬೈಗುಳಾನ ಇಲ್ಲ! ನಮ್ಮವ್ವ ಎಂದರ ಸುಮ್ಮ ಹೊಡದಾಳೇನು? ಕೈಕಿಂತ ಮೊದಲ ಬಾಯಿ ಬರ್ತಿತ್ತು. ಬಾಯಿ ಬರಲಿಲ್ಲಂದ್ರ ದನಿ ಹೋಗೇತಿ, ಮಾತಾಡಿದ್ದು ನೀನ ಅಂತ ತಿಳೀತು.”

“ಹೆದರಿದ್ಯೇನು?”

“ಹೆದರಿದೆ. ಆಮ್ಯಾಲ ಅಂದ್ಕೊಂಡೆ, ಹಿಂಗ ಹೊಡಿಯೋ ಕೈ ಇದ್ದ ಮ್ಯಾಲ ಅವ್ವ ಗಟ್ಟಿ ಅದಾಳ. ಅದಕ್ಕ ಅಳಕೋತ ಅಲ್ಲ, ಉಂಡು ಬಸ್ ಹತ್ತೇನಿ.”

ಮುತ್ತವ್ವ ಮಗಳ ಹೊಟ್ಟೆಯ ಮೇಲೆ ಕೈಯಿಟ್ಟು ಕಣ್ಣು ಮುಚ್ಚಿದಳು. ನಾನು ಮೆಲ್ಲಗೆ ಎದ್ದೆ.

“ಹಂಗಾರ ನನ್ನ ಕೆಲಸ ಮುಗೀತವಾ.”

“ಹೆಂಗ ಮುಗೀತೈತಿ? ಕೂಸಿಗೆ ಅಜ್ಜಿ ದನಿ ಬ್ಯಾಡೇನು? ಬರೋ ಸುಗ್ಗಿಗೂ ನೀನ ಮಾತಾಡು. ಅವ್ವ ಹಿಂದ ಕುಂದರ್ಲಿ.”

“ಬೆನ್ನು ನಂದೈತಲ್ಲ!”

“ಇರ್ಲಿ ಬಿಡಣ್ಣಾ. ದನಿ ನಿಂದು, ಏಟು ಅವ್ವಂದು. ಕೂಸು ಎರಡೂ ಕೇಳ್ಲಿ.”

ಮುತ್ತವ್ವ ಕೈ ಎತ್ತಿದಳು. ನಾನು ರೂಢಿಯಂತೆ ಬಗ್ಗಿದೆ. ಏಟು ಬೀಳಲಿಲ್ಲ, ಕೈ ಬೆನ್ನ ಮೇಲೆ ಇಳಿದು ಮೆಲ್ಲಗೆ ಸವರುತ್ತ ಅಲ್ಲೇ ಉಳಿಯಿತು. ಕಾಲೇಜಿನ ಗ್ಯಾದರಿಂಗಿನಲ್ಲಿ ನನಗೆ ಬಿದ್ದ ಚಪ್ಪಾಳೆಗಳೆಲ್ಲ ಆ ಕೈಯಷ್ಟು ಹೊತ್ತು ನನ್ನಲ್ಲಿ ಉಳಿದಿಲ್ಲ.

ಪಕ್ಕದ ಚಾಪೆಯಲ್ಲಿ ಇನ್ನೂ ಬಾಡುತ್ತಿದ್ದ ಕಾಯಿಯಲ್ಲಿ ಒಣಗಿದ ಮೇಲೆ ಒಂದು ಬೊಗಸೆ ಮುತ್ತವ್ವ ನಮ್ಮ ಮನೆಗೂ ಕೊಟ್ಟಳು. ತಾಯಿ ಎರಡು ಕಾಯಿ ಎಣ್ಣೆಗೆ ಹಾಕಿದಾಗ ಬಂದದ್ದು ಬಳೆಯ ಸಣ್ಣ ಸಪ್ಪಳ, ಅಂಗಿಯ ಮೇಲೆ ಕೈಯಾಡಿಸಿದ ಸದ್ದು, ಅಷ್ಟೇ. ತಾಯಿ ನನ್ನ ಕಡೆ ನೋಡಿದಳು, ಬ್ಯಾ ಅನ್ನಲಿಲ್ಲ. ಸೌಟು ಹಿಡಿದು ಪೂರ್ತಿ ಕೇಳಿಸಿಕೊಂಡು, ಆಮೇಲೆಯೇ ಬೇಳೆ ಸುರಿದಳು.